ಒಮೆಗಾ ಅಂದ್ರೆ ಬರೀ ‘ಓ’!

ಬಿಇ ಓದುವವರಿಗೆ ಗ್ರೀಕ್ ಅಕ್ಷರಗಳು ಹೊಸತಲ್ಲ. ಥೀಟಾ ಎಂದರೆ ಕೋನ, ಲ್ಯಾಮ್ಡಾ ಎಂದರೆ ತರಂಗಾಂತರ, ಒಮೆಗಾ ಎಂದರೆ ಕೋನೀಯ ವೇಗ. ಜನ ಕಾಗದ ಬರೆದ, ಸಾಲದ ಲೆಕ್ಕ ಇಟ್ಟ ಅಕ್ಷರಗಳೂ ಇವೇ ಎಂಬುದು ಮಾತ್ರ ನಮ್ಮ ತಲೆಗೆ ಹೊಳೆಯುವುದಿಲ್ಲ. ಅವನ್ನು ಸಮೀಕರಣದಿಂದ ಬಿಡಿಸಿ ಓದಲು ಶುರುಮಾಡಿ ನನಗೆ ಒಂದು ವರ್ಷವಾಯಿತು. ಓದುತ್ತಿರುವುದು ಬೈಬಲ್‌ನ ಹೊಸ ಒಡಂಬಡಿಕೆ, ಅದರ ಮೂಲ ಗ್ರೀಕ್‌ನಲ್ಲಿ.

‘ಮಗಾ, ಪ್ಲೇಸ್‌ಮೆಂಟಲ್ಲಿ ಇದನ್ನ ಯಾರು ಕೇಳ್ತಾರೆ?’ ಎನ್ನುತ್ತಾರೆ ಹಾಸ್ಟೆಲ್ ಗೆಳೆಯರು. ಯಾರೂ ಕೇಳುವುದಿಲ್ಲ. ‘ನೀನು ಕ್ರಿಶ್ಚಿಯನ್ನಾ?’ ಅಲ್ಲ.

ನನ್ನನ್ನು ಇತ್ತ ಎಳೆದದ್ದು ಕನ್ನಡ. ಈಜಿಪ್ಟಿನ ಆಕ್ಸಿರಿಂಕಸ್ ಎಂಬ ಹಳೇ ಊರಿನ ತಿಪ್ಪೆಗಳನ್ನು 1897ರಲ್ಲಿ ಗ್ರೆನ್‌ಫೆಲ್ ಮತ್ತು ಹಂಟ್ ಅಗೆಯತೊಡಗಿದರು. ಅಲ್ಲಿ ಸಿಕ್ಕ ಪಪೈರಸ್ ಹಾಳೆಗಳಲ್ಲಿ ಒಂದು ಗ್ರೀಕ್ ಪ್ರಹಸನವೂ ಇತ್ತು. ಭಾರತದ ಕಡಲತೀರದಲ್ಲಿ ನಡೆಯುವ ಆ ನಾಟಕದ ಅರ್ಥವಾಗದ ಕೆಲವು ಮಾತುಗಳು ಕನ್ನಡವೇ ಎಂದು 1904ರಲ್ಲಿ ಹುಲ್ಟ್ಶ್ ವಾದಿಸಿದರು. ಆ ಚರ್ಚೆ ಇನ್ನೂ ಮುಗಿದಿಲ್ಲ. ಅದರ ಬೆನ್ನುಹತ್ತಿ ಹೋದಾಗ ತಿಳಿಯಿತು, ಯೇಸುವಿನ ಮಾತುಗಳಿರುವ ಒಂದು ಹಾಳೆಯೂ ಅದೇ ಊರಿನ ತಿಪ್ಪೆಯಲ್ಲಿ ಸಿಕ್ಕಿತ್ತು. ಜೊತೆಗೆ ತೆರಿಗೆ ರಸೀದಿ, ಸಾಲಪತ್ರ, ತನ್ನನ್ನು ಪೇಟೆಗೆ ಕರೆದೊಯ್ಯಲಿಲ್ಲ ಎಂದು ಅಪ್ಪನ ಮೇಲೆ ಸಿಟ್ಟಾದ ಹುಡುಗನ ಪತ್ರ! ಹೊಸ ಒಡಂಬಡಿಕೆಯ ಭಾಷೆ ಸಂತೆಯಲ್ಲೂ ಮನೆಯಲ್ಲೂ ಆಡುತ್ತಿದ್ದ ‘ಕೊಯ್ನೆ’ ಎಂದು ಜರ್ಮನಿಯ ಡೈಸ್ಮನ್ ತೋರಿಸಿಕೊಟ್ಟದ್ದು ಇಂಥ ಹಾಳೆಗಳಿಂದಲೇ. ಕೊಯ್ನೆ ಎಂದರೆ ಎಲ್ಲರಿಗೂ ಸೇರಿದ್ದು.

ನನಗೆ ಸಿಕ್ಕ ಪಾಠಪುಸ್ತಕಗಳೆಲ್ಲ ಇಂಗ್ಲಿಷ್‌ನವು. ಹತ್ತನೇ ತರಗತಿವರೆಗೆ ಕನ್ನಡ ಮಾಧ್ಯಮದಲ್ಲಿ ಓದಿದ ನನಗೆ ಮೊದಲ ಸೆಮಿಸ್ಟರ್‌ನಿಂದಲೂ ಇಂಗ್ಲಿಷ್ ಎಂದರೆ ಎದೆ ಡವಡವ. ಇಲ್ಲಿ ಮಾತ್ರ ಲೆಕ್ಕ ತಿರುಗುಮುರುಗಾಯಿತು. ಒಮಿಕ್ರಾನ್ ನಮ್ಮ ‘ಒ’, ಒಮೆಗಾ ನಮ್ಮ ‘ಓ’. ಎಪ್ಸಿಲಾನ್ ‘ಎ’, ಈಟಾ ‘ಏ’. ಇಂಗ್ಲಿಷ್‌ನವರಿಗೆ ಇದನ್ನು ತಿಳಿಸಲು ಪುಸ್ತಕ ಪರದಾಡುತ್ತದೆ, ನಮಗದು ಒಂದನೇ ತರಗತಿಯ ಪಾಠ. ವಿಭಕ್ತಿಯ ಕಥೆಯೂ ಅಷ್ಟೇ.

ಇನ್ನೂ ಸೊಗಸಾದದ್ದು ಕ್ರಿಯಾಪದ. ಕರ್ತರಿ, ಕರ್ಮಣಿ ಅಲ್ಲದೆ ಗ್ರೀಕ್‌ನಲ್ಲಿ ಮೂರನೆಯದೊಂದು ಪ್ರಯೋಗವಿದೆ. ಮಾಡುವವನು ತನಗಾಗಿಯೇ ಮಾಡಿದಾಗ ಅದು ಬರುತ್ತದೆ. ಪುಸ್ತಕದಲ್ಲಿ ಪುಟಗಟ್ಟಲೆ ವಿವರಣೆ. ನಾವು ಒಂದು ‘ಕೊಳ್ಳು’ ಸೇರಿಸಿದರೆ ಎಷ್ಟೋ ಕಡೆ ಕೆಲಸ ಮುಗಿಯುತ್ತದೆ. ಯೋಹಾನನ ಸುವಾರ್ತೆಯಲ್ಲಿ ಯೇಸು ಶಿಷ್ಯರ ಪಾದ ತೊಳೆಯುತ್ತಾರೆ. ಮತ್ತಾಯನ ಸುವಾರ್ತೆಯಲ್ಲಿ ಪಿಲಾತ, ಯೇಸುವಿನ ಸಾವಿಗೆ ತಾನು ಹೊಣೆಯಲ್ಲವೆಂದು ಜನರೆದುರೇ ಕೈ ತೊಳೆಯುವ ಪ್ರಸಂಗವಿದೆ. ಇಂಗ್ಲಿಷ್‌ನಲ್ಲಿ ಎರಡಕ್ಕೂ ‘ವಾಶ್’. ಗ್ರೀಕ್‌ನಲ್ಲಿ ಧಾತು ಒಂದೇ ಆದರೂ ಯೇಸುವಿನದು ‘ತೊಳೆ’, ಪಿಲಾತನದು ‘ತೊಳೆದುಕೊ’. ಆ ‘ಕೊ’ದಲ್ಲೇ ಅವನ ಬುದ್ಧಿಯೆಲ್ಲ ಇದೆ ಅನ್ನಿಸಿ ನಗು ಬಂತು.

ಕನ್ನಡವೂ ಕೈಕೊಡುವ ಜಾಗಗಳಿವೆ. ಯೇಸು ಕಲಿಸಿದ ಪ್ರಾರ್ಥನೆಯಲ್ಲಿ ರೊಟ್ಟಿಗೆ ‘ಎಪಿಯೂಸಿಯೊಸ್’ ಎಂಬ ವಿಶೇಷಣವಿದೆ. ನಾವು ಕನ್ನಡದಲ್ಲಿ ‘ಅನುದಿನದ’ ಎಂದು ಓದುತ್ತೇವೆ. ಆದರೆ ಈ ಪದವನ್ನು ಗ್ರೀಕ್ ವಿದ್ವಾಂಸರೂ ಬಳಸಿಲ್ಲ, ಜನಸಾಮಾನ್ಯರೂ ಆಡುವುದಿಲ್ಲ ಎಂದು ಒರಿಗೆನ್ 3ನೇ ಶತಮಾನದಲ್ಲೇ ಗಮನಿಸಿದ್ದ. ಅವನು ಗ್ರೀಕ್‌ನಲ್ಲೇ ಬರೆಯುತ್ತಿದ್ದವನು! ಜೆರೋಮ್ ಲ್ಯಾಟಿನ್‌ಗೆ ತರುವಾಗ ಮತ್ತಾಯನಲ್ಲಿ ಒಂದು ಪದ, ಲೂಕನಲ್ಲಿ ಇನ್ನೊಂದು ಪದ ಇಟ್ಟ. ದಿನದ ರೊಟ್ಟಿಯೋ, ಬದುಕಲು ಬೇಕಾದಷ್ಟು ರೊಟ್ಟಿಯೋ, ನಾಳಿನ ರೊಟ್ಟಿಯೋ? ಕೋಟ್ಯಂತರ ಜನ ನಿತ್ಯ ಹೇಳುವ ಪ್ರಾರ್ಥನೆಯ ಒಂದು ಪದ ಹೀಗೆ ತೀರ್ಮಾನವಾಗದೆ ಕೂತಿದೆ. ನನ್ನ ಮತ ‘ನಾಳಿನ’ ಎಂಬುದಕ್ಕೆ. ಅದಕ್ಕೆ ವ್ಯಾಕರಣದ ಆಧಾರವೂ ಇದೆ. ಆದರೆ ಶನಿವಾರದ ಬಟವಾಡೆ ನಂಬಿಕೊಂಡ ಮನೆಯಲ್ಲಿ ಬೆಳೆದವರಿಗೆ, ನಾಳಿನದನ್ನು ಇವತ್ತೇ ಕೊಡು ಎನ್ನುವ ಬೇಡಿಕೆ ಬೇಗ ಅರ್ಥವಾಗುತ್ತದೆ.

ಶುರುಮಾಡುವ ಆಸೆಯಿದ್ದರೆ ಮಾರ್ಕನ ಸುವಾರ್ತೆ ಹಿಡಿಯಿರಿ. ವಾಕ್ಯಗಳು ಸರಳ, ಹೆಚ್ಚಿನವು ‘ಕಾಯ್’ ಎಂದೇ, ಅಂದರೆ ‘ಮತ್ತು’ ಎಂದೇ ಶುರುವಾಗುತ್ತವೆ. 4ನೇ ಶತಮಾನದ ಕೋಡೆಕ್ಸ್ ಸಿನೈಟಿಕಸ್ ಹಸ್ತಪ್ರತಿಯ ಚಿತ್ರಗಳನ್ನೂ ಮೊಬೈಲ್‌ನಲ್ಲೇ ಪುಕ್ಕಟೆ ನೋಡಬಹುದು. ಪದಗಳ ನಡುವೆ ಜಾಗವೇ ಇಲ್ಲದ ಬರಹ, ಎಲ್ಲಿ ಕತ್ತರಿಸಬೇಕೆಂದು ನಾವೇ ಹುಡುಕಬೇಕು. ನಾನೀಗ ನಾಲ್ಕನೇ ಅಧ್ಯಾಯದಲ್ಲಿದ್ದೇನೆ. ದಿನಕ್ಕೆ ಐದು ಸಾಲು, ಇಂಟರ್ನಲ್ಸ್ ಬಂದರೆ ಅದೂ ಇಲ್ಲ.