ಮೇಜುಗರಗಸದ ಅಲಗನ್ನು ಬದಲಿಸುವ ಕ್ರಮ

ತೇನಿ ಜಿಲ್ಲೆಯ ಕಂಬಂ ಕಣಿವೆಯಲ್ಲಿ, ಉತ್ತಮಪಾಳ್ಯಂ, ಚಿನ್ನಮನೂರು, ಗೂಡಲೂರುಗಳ ಸುತ್ತಮುತ್ತ, ಕಪ್ಪಿಲಿಯರ ಮನೆಗಳಲ್ಲಿ ಕನ್ನಡವು ಇಂದಿಗೂ ಮನೆಮಾತಾಗಿ ಉಳಿದಿದೆ. ಓದುಬರಹ ಬಹುಮಟ್ಟಿಗೆ ತಮಿಳಿನಲ್ಲಿ ನಡೆಯುತ್ತದೆ. ಇದರಿಂದಾಗಿ ಹೊಲ, ದನ, ಅಡುಗೆಗಳ ಕನ್ನಡ ಪದಗಳು ಮಕ್ಕಳ ಬಾಯಲ್ಲಿದ್ದರೂ ಯಂತ್ರದ ಮಾತು ಬಂದೊಡನೆ ಭಾಷೆ ಬದಲಾಗುತ್ತದೆ. ಅದು ಸಹಜವೇ. ಆದರೂ ಕೆಲಸದ ಸೂಚನೆಯನ್ನು ಕನ್ನಡದಲ್ಲಿ ಖಚಿತವಾಗಿ ಹೇಳುವುದನ್ನೂ ಬರೆಯುವುದನ್ನೂ ಕಲಿಸಬಯಸುವ ಶಿಕ್ಷಕರಿಗೆ ಮರಗೆಲಸದ ಅಂಗಡಿಯಲ್ಲಿರುವ ಮೇಜುಗರಗಸವು ಉತ್ತಮ ಪಾಠವಸ್ತು. ಇಲ್ಲಿ ಒಂದು ಕ್ರಿಯಾಪದ ತಪ್ಪಿದರೆ ಕೇಳುವವನ ಬೆರಳಿಗೆ ಅಪಾಯ.

ಕಣಿವೆಯಲ್ಲಿ ತೆಂಗಿನ ತೋಟಗಳು ಹೇರಳವಾಗಿವೆ. ಫಲ ನಿಂತ ಮರವನ್ನು ಕಡಿದು ಸೀಳಿ ಜಂತಿಗಳಿಗೆ ಬಳಸುವುದುಂಟು. ತೆಂಗಿನ ಕಾಂಡದ ಹೊರಭಾಗವು ಬಹಳ ಗಟ್ಟಿ, ನಡುಭಾಗ ಮೆದು. ಅದರಲ್ಲಿ ಸಿಲಿಕಾ ಅಂಶವೂ ಇರುವುದರಿಂದ ಸಾಮಾನ್ಯ ಉಕ್ಕಿನ ಹಲ್ಲುಗಳು ಬೇಗನೆ ಮೊಂಡಾಗುತ್ತವೆ. ಮೊಂಡು ಅಲಗಿನಿಂದ ಕೊಯ್ಯುವಾಗ ಮರವನ್ನು ಬಲವಾಗಿ ದೂಡಬೇಕಾಗುತ್ತದೆ. ದೂಡಿದಷ್ಟೂ ಕೈ ಜಾರುವ ಸಂಭವ ಹೆಚ್ಚು. ಆದ್ದರಿಂದ ಅಲಗನ್ನು ಸಕಾಲದಲ್ಲಿ ಬದಲಿಸುವುದೇ ಸುರಕ್ಷತೆಯ ಒಂದು ಭಾಗ. ಆದರೆ ಕೈಯನ್ನು ಹಲ್ಲುಗಳ ಸಮೀಪಕ್ಕೆ ಒಯ್ಯಲೇಬೇಕಾದ ಕೆಲಸವೂ ಅದೇ.

ಮೊದಲ ಹೆಜ್ಜೆಯಲ್ಲಿಯೇ ವ್ಯಾಕರಣದ ಪಾಠವಿದೆ. ‘ಕರೆಂಟು ಹೋಗಿದೆ’ ಎಂಬ ವಾಕ್ಯವೂ ‘ಕರೆಂಟು ತೆಗೆದಿದೆ’ ಎಂಬ ವಾಕ್ಯವೂ ಒಂದೇ ಅಲ್ಲ. ‘ಹೋಗು’ ಅಕರ್ಮಕ ಧಾತು. ಹೋದದ್ದು ತಾನಾಗಿಯೇ ಮರಳಿ ಬರಬಹುದು. ‘ತೆಗೆ’ ಸಕರ್ಮಕ; ತೆಗೆದವನೊಬ್ಬನಿರುತ್ತಾನೆ, ಅವನೇ ಹಾಕುವ ತನಕ ಅದು ಬರಲಾರದು. ವಿದ್ಯುತ್ತು ಕಡಿತಗೊಂಡಾಗ ‘ಹೇಗೂ ಯಂತ್ರ ನಿಂತಿದೆ, ಈಗಲೇ ಅಲಗು ಬದಲಿಸಿಬಿಡೋಣ’ ಎಂದು ಕೈ ಹಾಕುವ ಅಭ್ಯಾಸ ಅನೇಕ ಸಣ್ಣ ಅಂಗಡಿಗಳಲ್ಲಿದೆ. ಸಾಧಾರಣ ಸ್ವಿಚ್ಚು ಚಾಲೂ ಸ್ಥಿತಿಯಲ್ಲಿಯೇ ಉಳಿದಿದ್ದರೆ, ವಿದ್ಯುತ್ತು ಮರಳಿದ ಕ್ಷಣದಲ್ಲಿ ಗರಗಸವು ಯಾವ ಎಚ್ಚರಿಕೆಯನ್ನೂ ಕೊಡದೆ ತಿರುಗತೊಡಗುತ್ತದೆ. ಸ್ವಿಚ್ಚು ಆರಿಸುವುದಷ್ಟೇ ಸಾಲದು. ಪ್ಲಗ್ಗನ್ನು ಕಿತ್ತು ಕಣ್ಣಿಗೆ ಕಾಣುವಂತೆ ಯಂತ್ರದ ಮೇಲೆಯೇ ಇಡಬೇಕು. ಪ್ಲಗ್ ಇಲ್ಲದೆ ನೇರವಾಗಿ ತಂತಿ ಜೋಡಿಸಿದ ಮೂರು ಫೇಸಿನ ಮೋಟಾರಾದರೆ ಮುಖ್ಯ ಸ್ವಿಚ್ಚನ್ನು ಆರಿಸಿ, ಫ್ಯೂಸುಗಳನ್ನು ತೆಗೆದು, ಕೆಲಸ ಮಾಡುವವನೇ ಜೇಬಿನಲ್ಲಿ ಇರಿಸಿಕೊಳ್ಳುವುದು ಒಳ್ಳೆಯದು. ಜೇಬಿನಲ್ಲಿರುವ ಫ್ಯೂಸನ್ನು ಇನ್ನೊಬ್ಬರು ಹಾಕಲಾರರು.

ಅಲಗು ಪೂರ್ತಿ ನಿಂತ ಮೇಲೆ ರಕ್ಷಾಕವಚವನ್ನೂ ಅಲಗಿನ ಸುತ್ತ ಮೇಜಿನಲ್ಲಿ ಕೂಡಿಸಿದ ತಗಡನ್ನೂ ತೆಗೆದು, ಅಲಗನ್ನು ಸಾಧ್ಯವಾದಷ್ಟು ಮೇಲಕ್ಕೆ ಏರಿಸಬೇಕು. ಆಗ ಅಚ್ಚುದಂಡದ ಮೇಲಿನ ನಟ್ಟು ಕಾಣುತ್ತದೆ. ಅದನ್ನು ಯಾವ ಕಡೆಗೆ ತಿರುಗಿಸಬೇಕು? ‘ಎಡಕ್ಕೆ’, ‘ಬಲಕ್ಕೆ’ ಎಂಬ ಉತ್ತರ ಇಲ್ಲಿ ನಿಷ್ಪ್ರಯೋಜಕ. ನಿಂತ ಜಾಗ ಬದಲಾದರೆ ಎಡಬಲಗಳೂ ಬದಲಾಗುತ್ತವೆ. ಯಂತ್ರದಿಂದ ಯಂತ್ರಕ್ಕೆ ತಿರುಪಿನ ದಿಕ್ಕೂ ಬೇರೆಯಾಗಬಹುದು. ಎಲ್ಲೆಡೆ ಸಲ್ಲುವ ಸೂಚನೆ ಒಂದಿದೆ: ಅಲಗು ಕೊಯ್ಯುವಾಗ ತಿರುಗುವ ದಿಕ್ಕಿನಲ್ಲಿಯೇ ನಟ್ಟು ಸಡಿಲವಾಗುತ್ತದೆ, ಎದುರು ದಿಕ್ಕಿನಲ್ಲಿ ಬಿಗಿಯಾಗುತ್ತದೆ. ಯಂತ್ರ ಹೊರಟಾಗ ದಂಡವು ಮುಂದೆ ತಿರುಗಿ ನಟ್ಟು ಜಡತ್ವದಿಂದ ಹಿಂದುಳಿಯುವುದರಿಂದ ತಾನಾಗಿ ಬಿಗಿಯಾಗಲಿ ಎಂದು ತಿರುಪನ್ನು ಹೀಗೆ ಕತ್ತರಿಸಿರುತ್ತಾರೆ. ವಿಜ್ಞಾನದ ಶಿಕ್ಷಕರು ಜಡತ್ವದ ಪಾಠಕ್ಕೆ ಇದನ್ನು ಎರವಲು ಪಡೆಯಬಹುದು.

ನಟ್ಟು ತಿರುಗಿಸುವಾಗ ಅಲಗೂ ಜೊತೆಗೆ ತಿರುಗದಂತೆ ದಂಡಕ್ಕೆ ಬೀಗವಿದ್ದರೆ ಅದನ್ನು ಬಳಸಬೇಕು. ಇಲ್ಲವಾದರೆ ಮುಂಭಾಗದ ಹಲ್ಲುಗಳಿಗೆ ಮರದ ತುಂಡೊಂದನ್ನು ಆನಿಸಬೇಕು. ಕೈಯಿಂದ ಹಿಡಿಯುವುದು ಸಲ್ಲದು. ಬಿಗಿ ಬಿಟ್ಟೊಡನೆ ಕೈ ಮುಂದಕ್ಕೆ ಜಾರಿ ಹಲ್ಲಿಗೆ ತಾಗುವುದೇ ಈ ಕೆಲಸದ ಸಾಮಾನ್ಯ ಗಾಯ. ಸ್ಪ್ಯಾನರನ್ನು ಒತ್ತುವ ದಾರಿಯಲ್ಲಿ ಹಲ್ಲು ಇರದಂತೆ ನಿಲ್ಲಬೇಕು.

ತೆಗೆದ ಅಲಗನ್ನು ಕಬ್ಬಿಣದ ಮೇಜಿನ ಮೇಲೆ ಇಡದೆ ರಟ್ಟಿನ ಮೇಲೋ ಮರದ ಮೇಲೋ ಇಡುವುದು ಲೇಸು, ಏಕೆಂದರೆ ಕಾರ್ಬೈಡ್ ತುದಿಗಳು ಗಟ್ಟಿಯಾದರೂ ಬೇಗ ಸಿಡಿಯುತ್ತವೆ. ಅಚ್ಚುದಂಡದ ಬಿಲ್ಲೆಗಳ ಮೇಲಿನ ಮರದ ಪುಡಿಯನ್ನು ಒರೆಸಬೇಕು. ಪುಡಿ ಉಳಿದರೆ ಅಲಗು ಓಲಾಡುತ್ತದೆ. ಹೊಸ ಅಲಗಿನ ನಡುರಂಧ್ರವು ದಂಡಕ್ಕೆ ಸರಿಹೊಂದಬೇಕು. ಅಲಗಿನ ಮೇಲೆ ನಮೂದಿಸಿದ ಗರಿಷ್ಠ ಸುತ್ತುಗಳ ಸಂಖ್ಯೆ ಯಂತ್ರದ ವೇಗಕ್ಕಿಂತ ಕಡಿಮೆ ಇರಲೇಬಾರದು. ಕೊಯ್ದ ಸೀಳಿನಲ್ಲಿ ನಿಂತು ಮರ ಹಿಂದಕ್ಕೆ ಚಿಮ್ಮದಂತೆ ತಡೆಯುವ ಸೀಳುಫಲಕವಿದ್ದರೆ, ಅದು ಅಲಗಿನ ತಗಡಿಗಿಂತ ದಪ್ಪ, ಹಲ್ಲು ಕೊಯ್ಯುವ ಅಗಲಕ್ಕಿಂತ ತೆಳು ಆಗಿರಬೇಕು. ಮೇಲ್ಭಾಗದ ಹಲ್ಲುಗಳು ಕೆಲಸಗಾರನ ಕಡೆಗೆ ಮುಖಮಾಡಿರಬೇಕು. ನಟ್ಟನ್ನು ಬಿಗಿಮಾಡುವಾಗ ಮರದ ತುಂಡು ಹಿಂಭಾಗದ ಹಲ್ಲುಗಳಿಗೆ ಹೋಗುತ್ತದೆ. ಕೈಬಲದ ಬಿಗಿ ಸಾಕು. ಸ್ಪ್ಯಾನರಿಗೆ ಕೊಳವೆ ಸೇರಿಸಿ ಎಳೆಯಬೇಕಾಗಿಲ್ಲ. ಬಳಿಕ ಅಲಗನ್ನು ಕೈಯಿಂದ ಒಂದು ಸುತ್ತು ತಿರುಗಿಸಿ, ಎಲ್ಲಿಯೂ ತಾಗದೆಂದು ನೋಡಿ, ತಗಡನ್ನೂ ಕವಚವನ್ನೂ ಮರಳಿ ಕೂಡಿಸಿ, ಆ ಮೇಲೆಯೇ ಪ್ಲಗ್ ಹಾಕಬೇಕು. ಮೊದಲ ಸಲ ಚಾಲೂ ಮಾಡುವಾಗ ಅಲಗಿನ ನೇರದಲ್ಲಿ ಯಾರೂ ನಿಲ್ಲಬಾರದು.

ಈ ವೇಗವೆಷ್ಟೆಂದು ಮಕ್ಕಳೇ ಲೆಕ್ಕ ಹಾಕಲಿ. 254 ಮಿಲಿಮೀಟರ್ ವ್ಯಾಸದ ಅಲಗು ನಿಮಿಷಕ್ಕೆ 4,000 ಸುತ್ತು ತಿರುಗಿದರೆ ಹಲ್ಲಿನ ತುದಿ ಸೆಕೆಂಡಿಗೆ ಸುಮಾರು 53 ಮೀಟರ್, ಅಂದರೆ ಗಂಟೆಗೆ 190 ಕಿಲೋಮೀಟರಿಗೂ ಹೆಚ್ಚು ವೇಗದಲ್ಲಿ ಸಾಗುತ್ತದೆ.

ಮಕ್ಕಳು ನಿಜವಾದ ಅಲಗನ್ನು ಬಿಚ್ಚುವುದು ಈ ಪಾಠದ ಉದ್ದೇಶವಲ್ಲ. ದಪ್ಪ ರಟ್ಟಿನಲ್ಲಿ ಹಲ್ಲಿನ ಚಕ್ರವೊಂದನ್ನು ಕತ್ತರಿಸಿ, ಬೋಲ್ಟು ನಟ್ಟುಗಳಿಂದ ಹಲಗೆಗೆ ಜೋಡಿಸಿದರೆ ಸಾಕು. ಒಬ್ಬ ವಿದ್ಯಾರ್ಥಿ ಬರೆದ ಸೂಚನೆಯನ್ನು ಇನ್ನೊಬ್ಬನು ಓದಿಕೊಂಡು, ಬರೆದದ್ದನ್ನು ಮಾತ್ರ ಚಾಚೂ ತಪ್ಪದೆ ಮಾಡಬೇಕು. ‘ತೆಗೆದು’, ‘ಒರೆಸಿ’, ‘ಕೂಡಿಸಿ’ ಎಂಬ ಕೃದಂತಗಳ ಕ್ರಮ ಹಿಂದುಮುಂದಾದ ಕಡೆ ಕೆಲಸ ಅಲ್ಲಿಯೇ ನಿಲ್ಲುತ್ತದೆ. ತಮಿಳಿನಲ್ಲಿ ‘ರಂಬಂ’ ಎನ್ನುವ ಮಗುವನ್ನು ತಿದ್ದುವುದು ಬೇಡ. ‘ಗರಗಸ’ವನ್ನು ಅದರ ಪಕ್ಕದಲ್ಲಿ ಕಪ್ಪುಹಲಗೆಯ ಮೇಲೆ ಬರೆದು, ಎರಡನ್ನೂ ಇರಗೊಡಬಹುದು.