ಬೆಳೆ ರಕ್ಷಣೆ ಕೋವಿ: ರಾತ್ರಿ ವೇಳೆ ನಳಿಗೆಯ ಜ್ವಾಲೆಯ ಬಗ್ಗೆ ಅರ್ಜಿದಾರರಿಗೆ ಮಾಹಿತಿ

ಆಯುಧ ಅಧಿನಿಯಮ, 1959ರ 13ನೇ ಪ್ರಕರಣದಡಿ ಬೆಳೆ ರಕ್ಷಣೆಗೆ ಪರವಾನಗಿ ನೀಡಲಾಗುವುದು ನಳಿಗೆಯ ಬಾಯಿಂದ ಮದ್ದು ತುಂಬುವ ಕೋವಿಗೆ. ಇದರ ಕರಿಮದ್ದು ಉರಿದಾಗ ನಳಿಗೆಯ ತುದಿಯಲ್ಲಿ ಕಿಡಿಗಳೊಡನೆ ಜ್ವಾಲೆಯೂ ದಟ್ಟವಾದ ಬಿಳಿ ಹೊಗೆಯೂ ಏಳುತ್ತವೆ. ಕೇಪಿನ ಕಿಡಿಯಂತೂ ಕಣ್ಣಿನ ಸಮೀಪದಲ್ಲಿಯೇ ಹಾರುತ್ತದೆ. ತೋಟಾ ಬಳಸುವ 12 ಬೋರ್ ಕೋವಿಯಲ್ಲಿ ಹೊಗೆ ಅಲ್ಪ. ಆದರೆ ಪೂರ್ಣವಾಗಿ ಉರಿಯದ ಅನಿಲಗಳು ಹೊರಗಿನ ಗಾಳಿ ತಾಗಿ ಮತ್ತೆ ಹೊತ್ತಿಕೊಳ್ಳುವುದರಿಂದ ಅದರಲ್ಲಿಯೂ ಜ್ವಾಲೆ ಕಾಣಿಸಿಕೊಳ್ಳುತ್ತದೆ. ನಳಿಗೆ ಗಿಡ್ಡವಾದಷ್ಟೂ ಜ್ವಾಲೆ ದೊಡ್ಡದು. (ಪರವಾನಗಿಯಿಲ್ಲದೆ ನಳಿಗೆಯನ್ನು ಕತ್ತರಿಸುವುದು 6ನೇ ಪ್ರಕರಣದಡಿ ನಿಷಿದ್ಧ.)

ಕಣ್ಣು ಕತ್ತಲೆಗೆ ಹೊಂದಿಕೊಳ್ಳಲು ಸುಮಾರು 20ರಿಂದ 30 ನಿಮಿಷ ಬೇಕಾಗುತ್ತದೆ. ಜ್ವಾಲೆಯ ಬೆಳಕು ಆ ಶಕ್ತಿಯನ್ನು ಕ್ಷಣದಲ್ಲಿ ಕುಂದಿಸುತ್ತದೆ. ಆ ಬಳಿಕ ಬೇಲಿಯಂಚಿನಲ್ಲಿ ಅಲುಗುತ್ತಿರುವುದು ಹಂದಿಯೋ, ನೆರೆಯ ತೋಟದ ಕಾವಲುಗಾರನೋ ಎಂಬುದು ತಿಳಿಯದು. ಟಾರ್ಚ್ ಬೆಳಗಿ, ಕೂಗಿ ಖಚಿತಪಡಿಸಿಕೊಳ್ಳದೆ ಪರವಾನಗಿದಾರರು ಮತ್ತೆ ಗುಂಡು ಹಾರಿಸಕೂಡದು. ಕೋವಿಯ ಪರವಾನಗಿಯು ವನ್ಯಪ್ರಾಣಿಯನ್ನು ಕೊಲ್ಲಲು ನೀಡಿದ ಅನುಮತಿಯಲ್ಲ.