ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ

(ಆಕಾಶವಾಣಿಯ ಕೃಪೆಯಿಂದ)

ಅಭಿನಯವೆಂದರೆ ಮಾತು ಎಂಬ ತಿಳಿವಳಿಕೆ ನಮ್ಮ ಕಡೆ ಪೌರಾಣಿಕ ನಾಟಕಗಳಿಂದ ಬಂದದ್ದು. ಪಾಲಹಳ್ಳಿಯ ಕಬ್ಬಿನ ಗದ್ದೆಗಳ ನಡುವೆ ಬೆಳೆದ ನನಗೆ, ಕಂದಪದ್ಯವನ್ನು ತಾರಸ್ಥಾಯಿಗೆ ಎತ್ತಿದವನೇ ನಟ. ಎಂ.ಎ. ಓದಲು ಮಾನಸಗಂಗೋತ್ರಿಗೆ ಹೋದಾಗ ‘ಸಂಸ್ಕಾರ’ ಚಿತ್ರವನ್ನು ಕಂಡೆ. ಆ ತಿಳಿವಳಿಕೆ ಅಲುಗಿತು. ಅಲುಗಿಸಿದವರು ಚಂದ್ರಿಯ ಪಾತ್ರ ವಹಿಸಿದ ಸ್ನೇಹಲತಾ ರೆಡ್ಡಿಯವರು.

ಅನಂತಮೂರ್ತಿಯವರ ಕಾದಂಬರಿ ಅಚ್ಚಾದದ್ದು 1965ರಲ್ಲಿ. ತೆಲುಗು ಕವಿ ಪಟ್ಟಾಭಿರಾಮ ರೆಡ್ಡಿಯವರು ಅದನ್ನು 1970ರಲ್ಲಿ ಚಿತ್ರವಾಗಿಸಿದರು. ಗಿರೀಶ ಕಾರ್ನಾಡರು ಪ್ರಾಣೇಶಾಚಾರ್ಯ, ಲಂಕೇಶರು ನಾರಣಪ್ಪ. ಸ್ನೇಹಲತಾ ನಿರ್ದೇಶಕರ ಪತ್ನಿ. ಮದರಾಸಿನ ‘ಮದ್ರಾಸ್ ಪ್ಲೇಯರ್ಸ್’ ತಂಡದ ಸ್ಥಾಪಕರಲ್ಲೊಬ್ಬರಾಗಿ ಇಂಗ್ಲಿಷ್ ರಂಗಭೂಮಿಯಲ್ಲಿ ಪಳಗಿದವರು. ಜಾತಿವ್ಯವಸ್ಥೆಯ ಟೀಕೆ ಕೋಲಾಹಲಕ್ಕೆ ಕಾರಣವಾದೀತೆಂದು ಮದರಾಸಿನ ಸೆನ್ಸಾರ್ ಮಂಡಲಿ ಚಿತ್ರವನ್ನು ತಡೆಯಿತು. ಕೇಂದ್ರ ಸರ್ಕಾರ ತಡೆಯನ್ನು ತೆಗೆಯಿತು. ಆ ಸಾಲಿನ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಅದಕ್ಕೇ ಸಂದಿತು. ಕನ್ನಡಕ್ಕೆ ಅಂಥ ಗೌರವ ಅದೇ ಮೊದಲು.

ಕಥೆ ತಮಗೆ ಗೊತ್ತೇ ಇದೆ. ಶವಕ್ಕೆ ಸಂಸ್ಕಾರ ಮಾಡುವವರು ಯಾರೆಂದು ಅಗ್ರಹಾರ ತರ್ಕಿಸುತ್ತಿದೆ. ಚಂದ್ರಿ ತನ್ನ ಒಡವೆಗಳನ್ನು ಬಿಚ್ಚಿ, ಖರ್ಚಿಗಾಗಲೆಂದು ಮುಂದಿಡುತ್ತಾಳೆ. ಧರ್ಮಪ್ರಶ್ನೆ ಆ ಕ್ಷಣದಲ್ಲಿ ಚಿನ್ನದ ಪ್ರಶ್ನೆಯಾಗಿಬಿಡುತ್ತದೆ. ಕೊನೆಗೆ ಮೀನು ವ್ಯಾಪಾರಿ ಅಹಮದ್ ಬ್ಯಾರಿಯ ನೆರವಿನಿಂದ ರಾತ್ರೋರಾತ್ರಿ ಹೆಣವನ್ನು ಸುಡಿಸುವವಳೂ ಅವಳೇ. ಈ ಪಾತ್ರಕ್ಕೆ ಮಾತು ಕಡಿಮೆ. ಬೇರೊಬ್ಬ ನಟಿಯಾಗಿದ್ದರೆ ಕಣ್ಣೀರನ್ನಾದರೂ ಆಶ್ರಯಿಸುತ್ತಿದ್ದರೇನೋ. ಸ್ನೇಹಲತಾ ನಿಂತ ನಿಲುವಿನಲ್ಲೇ ಅವಳ ಘನತೆಯನ್ನು ತೋರಿದರು. ವೇಶ್ಯೆ ಎಂದು ಊರು ಹಳಿದವಳು ಆ ಬೀದಿಯಲ್ಲಿ ಎಲ್ಲರಿಗಿಂತ ನೇರವಾಗಿ ನಡೆಯುತ್ತಾಳೆ.

ಅವರ ಬಾಳಿನ ಮುಂದಿನ ಅಧ್ಯಾಯ ತೆರೆಯಾಚೆಯದು. ಲೋಹಿಯಾ ವಿಚಾರಗಳಲ್ಲಿ ನಂಬಿಕೆಯಿದ್ದ ಅವರನ್ನು ತುರ್ತುಪರಿಸ್ಥಿತಿಯಲ್ಲಿ, 1976ರ ಮೇ ತಿಂಗಳಲ್ಲಿ, ಬರೋಡ ಡೈನಮೈಟ್ ಮೊಕದ್ದಮೆಗೆ ಸಂಬಂಧಿಸಿ ಬಂಧಿಸಲಾಯಿತು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ. ಆದರೂ ಮೀಸಾ ಕಾಯಿದೆಯ ಬಲದಿಂದ ಬೆಂಗಳೂರಿನ ಸೆರೆಮನೆಯಲ್ಲೇ ಇರಿಸಿದರು. ಉಬ್ಬಸದ ರೋಗಿ. ಉಸಿರಿಗಾಗಿ ಹೋರಾಡುತ್ತಲೇ ಸಹಬಂದಿ ಹೆಂಗಸರ ಸಂಕಟಗಳಿಗಾಗಿಯೂ ದನಿಯೆತ್ತಿದರು, ದಿನಚರಿ ಬರೆದರು. 1977ರ ಜನವರಿ 15ರಂದು ಪೆರೋಲಿನ ಮೇಲೆ ಹೊರಬಂದರು. 18ರಂದು ಚುನಾವಣೆಯ ಘೋಷಣೆಯಾಯಿತು. 20ರಂದು ತೀರಿಕೊಂಡರು. ಅವರ ಸೆರೆಮನೆಯ ದಿನಚರಿ ಅದೇ ವರ್ಷ ಪ್ರಕಟವಾಯಿತು.

ನನ್ನದೊಂದು ತಪ್ಪೊಪ್ಪಿಗೆಯಿದೆ. ಬಹಳ ವರ್ಷ ತರಗತಿಯಲ್ಲಿ ಈ ಕಾದಂಬರಿಯನ್ನು ಬೋಧಿಸಿದೆ. ಪ್ರಾಣೇಶಾಚಾರ್ಯರ ಧರ್ಮಸಂಕಟಕ್ಕೆ ವಾರಗಟ್ಟಲೆ ಹಿಡಿಯುತ್ತಿತ್ತು. ಚಂದ್ರಿಗೆ ಅರ್ಧ ಗಂಟೆ ಸಾಕಾಗುತ್ತಿತ್ತು. ಪ್ರಕೃತಿಯ ಪ್ರತೀಕ ಎಂದು ಹೇಳಿ ಮುಂದೆ ಸಾಗುತ್ತಿದ್ದೆ. “ಪ್ರತೀಕ ಹೆಣ ಸುಡಿಸುತ್ತದೆಯೇ, ಮೇಷ್ಟ್ರೇ?” ಎಂದು ಒಬ್ಬ ವಿದ್ಯಾರ್ಥಿನಿ ಒಮ್ಮೆ ಕೇಳಿದಳು. ಉತ್ತರ ಹೊಳೆಯಲಿಲ್ಲ. ಆ ದಿನ ಚಿತ್ರವನ್ನು ಮತ್ತೆ ನೋಡಿದೆ. ಮರುವರ್ಷದಿಂದ ಪಾಠವನ್ನು ಚಂದ್ರಿ ಒಡವೆ ಬಿಚ್ಚಿಡುವಲ್ಲಿಂದ ಆರಂಭಿಸಿದೆ.